ಇಲ್ಲಿ ಪೆಟಗಿ ಬಾರಿಸೂದಿಲ್ಲ

ಕೆಳಗಿನ ಬೀಜದಂಗಡಿಯವರು ಶಟರ್ ಎಳೆದ ಸದ್ದು ಪಂಚಮಕ್ಕಿಂತ ತುಸು ಇಳಿದಿದೆ, ಎಣ್ಣೆ ಬಿಟ್ಟರೆ ಸರಿಹೋದೀತು ಎಂದುಕೊಳ್ಳುತ್ತಾನೆ ಮಾಲತೇಶ, ರಾಣೆಬೆನ್ನೂರಿನ ಈ ಸ್ಟುಡಿಯೋದ ಗೋಡೆಗೆ ಗಾದಿ ಬಡಿದಿದ್ದರೂ ಬೀದಿ ಒಳಗೆ ಬಂದೇ ಬರುತ್ತದೆ, ಬರಲಿ, ಎದುರಿನ ಪರದೆಯ ಮೇಲೆ ಸಿನಿಮಾದ ಹೊಳಿಯವ್ವ ಸತ್ತ ಮಗನ ಪಕ್ಕ ಮತ್ತೆ ಬಂದು ಕೂತಳು — ಮಾಸ್ತರ, ಇಲ್ಲಿಂದ ಎತ್ತಿಕೊಳ್ರಿ, ಜನಾ ಬಿಕ್ಕಿ ಬಿಕ್ಕಿ ಅಳಬೇಕು, ಅನ್ನುತ್ತಾನೆ ನಿರ್ದೇಶಕ ಕಿರಣಕುಮಾರ, ಹಾವೇರಿಯ ಹುಡುಗ, ಅವನಿಗಿದು ಮೊದಲ ಸಿನಿಮಾ, ಮಾಲತೇಶನಿಗೂ ಮೊದಲನೆಯದೇ, ಊರೂರು ತಿರುಗಿ ನಾಟಕಕ್ಕೆ ರಾಗ ಕಟ್ಟಿ ಹಾರ್ಮೋನಿಯಂ ಪೆಟಗಿ ಬಾರಿಸಿದವನಿಗೆ ಕೊನೆಗೂ ಒಂದು ಸಿನಿಮಾ, ಹಾಡುಗಳೆಲ್ಲ ಮುಗಿದಿವೆ, ಉಳಿದದ್ದು ಇದೊಂದೇ ಜಾಗ, ಇಲ್ಲಿ ಏನೂ ಬ್ಯಾಡ ಅಂದರೆ ಹುಡುಗ ಕೇಳುತ್ತಿಲ್ಲ, ಆಗಂಗಿಲ್ಲಂದ್ರ ಹೇಳಿಬಿಡ್ರಿ ಮಾಸ್ತರ, ಬೆಂಗಳೂರಾಗ ಕೀಬೋರ್ಡಿನಾವ ಸಂಜಿಯೊಳಗ ಹಾಕಿ ಕಳಸ್ತಾನ, ಹಾಡೂ ಅವನ ಕಡೀಂದನ ಮಾಡಸ್ತೇನಿ. ಹಾಡೂ! ಬೆಳಿಗ್ಗೆ ಬ್ಯಾಡಗಿ ಬಸ್ ಸ್ಟ್ಯಾಂಡಿನ ತನಕ ಬೆನ್ನು ಹತ್ತಿ ಬಂದ ಹೆಂಡತಿ ಶಿಲ್ಪಾ, ಅವ್ರು ಏನರ ಅನ್ಲಿ ಹೂಂ ಅನ್ರಿ, ಒಮ್ಮೆ ನಿಮ್ಮ ಹೆಸರು ಪಡದೇದ ಮ್ಯಾಲ ಬರ್ಲಿ, ನಮ್ಮಣ್ಣನ ಮುಂದ ನಾನೂ ಒಂದಿನ ಮಾರಿ ಎತ್ತಿ ಅಡ್ಡಾಡ್ತೇನಿ — ಈಗಲೇ ಅಡ್ಡಾಡು ಮಾರಾಯ್ತಿ, ಯಾರು ಬ್ಯಾಡ ಅಂದರು, ಅಳಿಸುವುದನ್ನು ಮಾಲತೇಶನಿಗೆ ಹೇಳಿಕೊಡಬೇಕೆ, ಹಲಗೇರಿಯ ನಾಟಕದಲ್ಲಿ ಉಡಚಪ್ಪ ನಾಯಕ, ಎದೆಗೆ ಚೂರಿ ಹಾಕಿಸಿಕೊಂಡು ಕಡೆಯ ಹಾಡು ಹಾಡಿ ಸತ್ತ, ಸತ್ತದ್ದೇ ತಡ ವನ್ಸ್ ಮೋರ್, ವನ್ಸ್ ಮೋರ್, ಹೆಣ ಎದ್ದು ಧೋತರದ ಧೂಳು ಝಾಡಿಸಿ, ಮಾಸ್ತರ, ಈ ಸರ್ತಿ ಕರಿ ಒಂದರ ಶ್ರುತಿ ಹಿಡೀರಿ, ಸಾಯಾಕ ಚೊಲೋ ಅಕ್ಕೈತಿ, ಇವನು ಹಿಡಿದ, ಅವನು ಮತ್ತೆ ಸತ್ತ, ಮತ್ತೆ ಎದ್ದ, ಮೊದಲ ಸಾವಿಗೆ ಸೆರಗನ್ನು ಬಾಯಿಗೊತ್ತಿಕೊಂಡಿದ್ದ ಹೆಣ್ಣುಮಕ್ಕಳು ಮೂರನೆಯದಕ್ಕೆ ಶೇಂಗಾ ಸುಲಿಯುತ್ತಿದ್ದರು, ತಪ್ಪೇನಿಲ್ಲ, ಅದು ನಾಟಕ, ಪೆಟಗಿ ನುಡಿದರೆ ಅಲ್ಲಿ ಸತ್ತವನು ಏಳಲೇಬೇಕು, ಆದರೆ ಪರದೆಯ ಮೇಲಿನ ಈ ಹುಡುಗ — ಈ ಹುಡುಗ ಏಳಬಾರದು, ಒಂದು ಸ್ವರ ಹಾಕಿದರೂ ಎದ್ದುಬಿಡುತ್ತಾನೆ, ಆಮೇಲೆ ಹೊಳಿಯವ್ವನ ಕೈಗೇನು ಕೆಲಸ?

ಶೂಟಿಂಗಿನ ದಿನ ಇದೇ ಕಿರಣಕುಮಾರ, ಆಯಿ, ಅಳ್ರಿ ಅಂದಾಗ ಹೊಳಿಯವ್ವನಾಗಿದ್ದ ಮೋಟೆಬೆನ್ನೂರಿನ ಆ ಹಳೆಯ ನಾಟಕದಾಕೆ ಏನೆಂದಳು, ನಾ ಅಳಕೋತ ಕುಂತ್ರ ಈ ಹುಡುಗಗ ಅಂಗಿ ಯಾರ್ ಹಾಕ್ತಾರೋ ತಮ್ಮಾ, ನಿಮ್ಮಪ್ಪ ಬರ್ತಾನೇನು, ಕ್ಯಾಮೆರಾದವನೂ ನಕ್ಕ, ಅವಳು ಅಂಗಿ ತೊಡಿಸಿ ಗುಂಡಿಗೆ ಕೈ ಹಾಕಿದ ಮೇಲೆ ಯಾರೂ ನಗಲಿಲ್ಲ, ಯಾರೂ ಕೆಮ್ಮಲಿಲ್ಲ, ಆಗ ಯಾವ ಪೆಟಗಿ ಇತ್ತು ಅಲ್ಲಿ, ಯಾವ ಕೀಬೋರ್ಡು — ಬಾರಿಸೂದಿಲ್ಲ ತಮ್ಮಾ, ಎಂದ ಮಾಲತೇಶ, ಬಾಯಿಬಿಟ್ಟೇ ಎಂದ, ಹಾರ್ಮೋನಿಯಂನ ತಿದಿ ಮುಚ್ಚಿ ಕೊಂಡಿ ಹಾಕಿದ, ಕಳಸು ಬೆಂಗಳೂರಿಗೆ, ಹಾಡು ಬೇರೇದವ್ರ ಕಡೆ ಮಾಡಸು, ನನ್ನ ಹೆಸರೂ ತಗದ್ಹಾಕು, ಆದ್ರ ಅದಕ್ಕೂ ಮೊದಲ ಒಮ್ಮೆ ಬಾಯಿ ಮುಚ್ಚಿಕೊಂಡು ನೋಡು. ಕಿರಣಕುಮಾರ ಸಿಡುಕಿನಿಂದಲೇ ದೃಶ್ಯವನ್ನು ಮತ್ತೆ ಓಡಿಸಿದ, ಹೊಳಿಯವ್ವ ಬಂದಳು, ಬಿಳಿ ಗುಂಡಿ, ಅವಳ ಹೆಬ್ಬೆರಳು, ತೂತು ಸಣ್ಣದು, ಜಾರಿತು, ಕಿರಣಕುಮಾರ ಕುರ್ಚಿಯನ್ನು ಪರದೆಯ ಹತ್ತಿರ ಎಳೆದುಕೊಂಡ, ಮತ್ತೆ ಹೆಬ್ಬೆರಳು, ಜಾರಿತು, ಶಿಲ್ಪಾ ಏನಾದರೂ ಅನ್ನಲಿ, ಮತ್ತೆ ಗುಂಡಿ, ಹೆಬ್ಬೆರಳು, ಇನ್ನೇನು, ಗುಂಡಿ, ಹೆಬ್ಬೆರಳು, ಗುಂಡಿ —