ಕಾಲಿನಾಕಾರದ ಆಯುಧ

ನಾನು ಒಂದು ಕಾಲು. ಎಡಗಾಲು. ನಗಬೇಡಿ, ಪೊಲೀಸರು ಪಂಚನಾಮೆಯಲ್ಲಿ ನನ್ನನ್ನು ‘ಕಾಲಿನಾಕಾರದ ಆಯುಧ’ ಎಂದು ಬರೆದಿದ್ದಾರೆ!

ಹುಬ್ಬಳ್ಳಿಯ ಒಂದು ಶಿಬಿರದಲ್ಲಿ ಪ್ಲಾಸ್ಟಿಕ್ ಕೊಳವೆಯನ್ನು ಕಾಸಿ, ಅಚ್ಚಿಗೆ ಎಳೆದು ನನ್ನನ್ನು ಮಾಡಿದರು. ಸಣ್ಣ ಪೇಟೆಯೊಂದರ ಕ್ಷೌರಿಕ ಗುರಸಿದ್ದಪ್ಪ ಹಡಪದನ ಮೋಟುಗಾಲಿಗೆ ಬಿಗಿದಾಗ ಅವನು ಊರುಗೋಲು ಬಿಸಾಕಿ, “ಯಪ್ಪಾ, ಕೈ ಬಂದ್ವಲ್ಲೋ!” ಎಂದು ಕೂಗಿದ. ಕಾಲು ಕೊಟ್ಟರೆ ಇವನಿಗೆ ಕೈ ಸಿಕ್ಕಿತ್ತು. ನಿಜವೇ ಅನ್ನಿ. ಗಡ್ಡ ಬೋಳಿಸಲು ಒಂದು ಕೈಯಲ್ಲಿ ಕೆನ್ನೆ, ಇನ್ನೊಂದರಲ್ಲಿ ಕತ್ತಿ ಹಿಡಿಯಬೇಕು. ಊರುಗೋಲಿಗೆ ಮೂರನೇ ಕೈ ಎಲ್ಲಿಂದ ತರುವುದು?

ಒಂದು ಸಂಜೆ ಅವನು ಅಂಗಡಿಯಲ್ಲಿ ನನ್ನನ್ನು ಬಿಚ್ಚಿ ಬೆಂಚಿನ ಮೇಲಿಟ್ಟು ಮೋಟು ತಿಕ್ಕಿಕೊಳ್ಳುತ್ತಿದ್ದ. ಪಕ್ಕದ ಅಂಗಡಿಯವನು ಬಂದು ‘ಕುಂಟ’ ಎಂದು ಜಗಳ ತೆಗೆದ. ಗುರಸಿದ್ದಪ್ಪನ ತಮ್ಮ ದ್ಯಾಮಣ್ಣನಿಗೆ ಮೂಗಿನ ತುದಿಯಲ್ಲೇ ಸಿಟ್ಟು. ನನ್ನನ್ನೇ ಎತ್ತಿ ಬೀಸಿದ. ಪಕ್ಕದವನು ಬಿದ್ದ, ತಲೆ ಒಡೆಯಿತು. ನನ್ನ ಏಟಿಗೋ, ಬೆಂಚಿನ ಅಂಚು ತಾಗಿಯೋ, ಆ ಗದ್ದಲದಲ್ಲಿ ನನಗೂ ತಿಳಿಯಲಿಲ್ಲ.

ಕೆಳಗಿನ ಕೋರ್ಟು ದ್ಯಾಮಣ್ಣನಿಗೆ ಸಜೆ ಕೊಟ್ಟಿತು, ಆಯುಧವೆಂದು ನನ್ನನ್ನು ಮುಟ್ಟುಗೋಲು ಹಾಕಿತು. ಜಿಲ್ಲಾ ಕೋರ್ಟಿನಲ್ಲೂ ಸೋತ ದ್ಯಾಮಣ್ಣ ಜಾಮೀನಿನ ಮೇಲೆ ಹೈಕೋರ್ಟಿಗೆ ಹೋದ. ಗುರಸಿದ್ದಪ್ಪ ನನ್ನನ್ನು ವಾಪಸ್ ಕೇಳಿ ಜಿಲ್ಲಾ ಕೋರ್ಟಿಗೆ ಬೇರೆ ಮೇಲ್ಮನವಿ ಹಾಕಿದ.

“ಮೂಲ ಪ್ರಕರಣ ಹೈಕೋರ್ಟಿನಲ್ಲಿದೆ. ಅಲ್ಲಿ ತೀರ್ಮಾನವಾಗಲಿ,” ಎಂದರು ನ್ಯಾಯಾಧೀಶರು. ಮುಂದಿನ ತಾರೀಖಿಗೂ ಅದೇ ಮಾತು, ಅದರ ಮುಂದಿನದಕ್ಕೂ ಅದೇ. ಬೇರೆ ಕಾಲು ಕೇಳಿದರೆ ಶಿಬಿರದವರು, “ಹಳೇದು ತಗೊಂಡು ಬಾ,” ಎಂದರಂತೆ. ನಾನು ಮಚ್ಚು, ಕುಡುಗೋಲುಗಳ ನಡುವೆ ಕೊರಳಿಗೆ ಚೀಟಿ ಕಟ್ಟಿಸಿಕೊಂಡು ಬಿದ್ದಿದ್ದೆ. ಅತ್ತ ಗುರಸಿದ್ದಪ್ಪನ ಅಂಗಡಿಗೆ ಬೀಗ.

ಕೊನೆಗೆ ಹೊಸ ನ್ಯಾಯಾಧೀಶೆ ಬಂದರು. ನನ್ನನ್ನು ಮೇಜಿನ ಮೇಲೆ ತರಿಸಿದರು.

“ಹೈಕೋರ್ಟು ತಡೆಯಾಜ್ಞೆ ಕೊಟ್ಟಿದೆಯಾ?”

“ಇಲ್ಲ ಮೇಡಂ, ಪ್ರಕರಣ ಬಾಕಿ ಇದೆ,” ಎಂದರು ಸರ್ಕಾರಿ ವಕೀಲರು.

“ಬಾಕಿ ಇರೋದು ಬೇರೆ, ತಡೆ ಇರೋದು ಬೇರೆ. ಇದು ಆ ಮನುಷ್ಯನ ಕಾಲು, ಕೊಡಿ.” ಷರತ್ತು ಒಂದೇ: ಹೈಕೋರ್ಟು ಕೇಳಿದರೆ ಹಾಜರುಪಡಿಸಬೇಕು, ಅಲ್ಲಿಯವರೆಗೆ ರೂಪ ಬದಲಿಸಬಾರದು.

ಕೋರ್ಟಿನ ವರಾಂಡದಲ್ಲೇ ಅವನು ನನ್ನನ್ನು ಹಾಕಿಕೊಂಡ. ಅಯ್ಯೋ, ನಾನು ಸಡಿಲ! ಕಾದೂ ಕಾದೂ ಅವನ ಮೋಟು ಬಡಕಲಾಗಿತ್ತು.

ಅಣ್ಣತಮ್ಮ ನನ್ನನ್ನು ಹುಬ್ಬಳ್ಳಿಗೆ ಒಯ್ದರು. “ಮ್ಯಾಲಿನದು ಕೊಯ್ದು ಸಣ್ಣದು ಮಾಡ್ತೀನಿ,” ಎಂದು ಕಾಲು ಮಾಡುವವನು ಗರಗಸ ಎತ್ತಿದ. ಗುರಸಿದ್ದಪ್ಪ ಅವನ ಕೈ ಹಿಡಿದ. ಇಷ್ಟು ಹಗುರದ ಟೊಳ್ಳು ಕಾಲಿನಿಂದ ತಲೆ ಒಡೆಯುವುದಿಲ್ಲ ಎಂಬುದೊಂದೇ ದ್ಯಾಮಣ್ಣನ ವಕೀಲರ ವಾದ. ಹೈಕೋರ್ಟು ತೂಗಿ ನೋಡುವವರೆಗೆ ನಾನು ಇದ್ದ ಹಾಗೆಯೇ ಇರಬೇಕು.

“ಕೊಯ್ಸು ಅಣ್ಣಾ. ನನ್ನ ಹಣೇಬಾರ ಹೆಂಗರ ಆಗ್ಲಿ,” ಎಂದ ದ್ಯಾಮಣ್ಣ.

“ಸುಮ್ನಿರಲೇ. ಕಾಲಿಲ್ದ ಬದುಕೀನಿ. ನೀ ಜೇಲಿಗೆ ಹೋದ್ರ ಹೆಂಗ ಬದುಕ್ಲಿ?”

ಈಗ ನನಗೆ ವಯಸ್ಸಾಗಿದೆ, ಪಾದ ಸೀಳುಬಿಟ್ಟಿದೆ. ದಿನಾ ಬೆಳಿಗ್ಗೆ ಗುರಸಿದ್ದಪ್ಪ ಹಳೆ ಪಂಚೆಯ ಚೂರು ತುರುಕಿ ನನ್ನನ್ನು ಕಟ್ಟಿಕೊಳ್ಳುತ್ತಾನೆ, ಎರಡೂ ಕೈಯಿಂದ ಗಡ್ಡ ಬೋಳಿಸುತ್ತಾನೆ. ಸಂಜೆ ಬಿಚ್ಚಿದಾಗ ಬಟ್ಟೆಯೆಲ್ಲ ರಕ್ತ. ದ್ಯಾಮಣ್ಣ ಅದನ್ನು ಒಗೆದು ಹರವುತ್ತಾನೆ. ಹೈಕೋರ್ಟಿನಿಂದ ಇನ್ನೂ ಸುದ್ದಿಯಿಲ್ಲ. ಗುರಸಿದ್ದಪ್ಪನನ್ನು ನಿಲ್ಲಿಸುವುದೂ ನಾನೇ, ಕಡಿಯುವುದೂ ನಾನೇ. ಹೈಕೋರ್ಟಿನವರೇ, ಬೇಗ ಕರೀರಪ್ಪಾ ನನ್ನ.