ಮೂರನೆಯ ಮಹಡಿಯ ಬಾಗಿಲು

ಊರು ಬಿಟ್ಟ ದಿನ ಬೆಳಿಗ್ಗೆ ಬೀಗದವನು ಮೂರು ಬಾಗಿಲು ತೆರೆದಿದ್ದ. ಅವನ ಬೆನ್ನಿಗೆ ಬಂದೂಕು ಹಿಡಿದ ನಾಲ್ವರು ನಿಂತಿದ್ದರು. ಯಾವ ಯಾವ ಮನೆ ಎಂದು ಅವರ ಬಳಿ ಪಟ್ಟಿಯೇ ಇತ್ತು. ಕದ ಒಡೆದರೆ ಸದ್ದಾಗಿ ಬೀದಿಯೆಲ್ಲ ಎಚ್ಚರಾಗುತ್ತದೆ, ಬೀಗದವನಾದರೆ ಬೆಣ್ಣೆಯಿಂದ ಕೂದಲು ತೆಗೆದ ಹಾಗೆ ತೆಗೆಯುತ್ತಾನೆ ಎಂದು ಯಾರೋ ಅವರಿಗೆ ಹೇಳಿದ್ದರು. ಹೇಳಿದ್ದು ಸುಳ್ಳೇನಲ್ಲ. ಇಪ್ಪತ್ತೆರಡು ವರ್ಷದಿಂದ ಆ ಬೀದಿಯ ಬೀಗಗಳನ್ನೆಲ್ಲ ಕೂರಿಸಿದವನು ಅವನೇ.

ಮೊದಲ ಎರಡು ಮನೆ ಖಾಲಿ. ಮೂರನೆಯದು ಮೇಷ್ಟ್ರ ಮನೆ. ಬೀಗದ ಬಾಯಿಗೆ ತಂತಿ ತೂರಿಸುತ್ತಿದ್ದಾಗ ಒಳಗೆ ಯಾರೋ ಕೆಮ್ಮು ನುಂಗಿದ್ದು ಅವನಿಗೆ ಕೇಳಿಸಿತು. ಹಿಂದೆ ನಿಂತವರಿಗೆ ಕೇಳಿಸಿರಲಿಲ್ಲ. 'ಈ ಬೀಗ ತುಕ್ಕು ಹಿಡಿದಿದೆ, ಬರೋಲ್ಲ' ಎಂದು ಒಂದು ಮಾತು ಅಂದಿದ್ದರೆ ಅವರು ಮುಂದಿನ ಮನೆಗೆ ಹೋಗುತ್ತಿದ್ದರೋ ಏನೋ. ನಾಲಗೆ ಏಳಲಿಲ್ಲ. ಕೈ ಮಾತ್ರ ತನ್ನ ಪಾಡಿಗೆ ತಾನು ಕೆಲಸ ಮುಗಿಸಿತು. ಮೇಷ್ಟ್ರು ಬರಿಗಾಲಲ್ಲಿ ಹೊರಗೆ ಬಂದು ಅವನ ಮುಖ ನೋಡಿದರು. ಅವರನ್ನು ಲಾರಿ ಹತ್ತಿಸಿದರು.

"ನಾಲ್ಕು ಗಂಟೆಗೆ ಮತ್ತೆ ಬರ್ತೀವಿ. ಆಚೆ ಬೀದಿ ಬಾಕಿ ಇದೆ. ಸಾಮಾನು ರೆಡಿ ಇಟ್ಕೊಂಡಿರು," ಅಂದ ಅವರಲ್ಲೊಬ್ಬ.

ಮೂರು ಗಂಟೆಗೆಲ್ಲ ಬೀಗದವನು ಹೆಂಡತಿಯನ್ನೂ ಅತ್ತೆಯನ್ನೂ ಕರೆದುಕೊಂಡು ಕಾಲಿಗೆ ಬುದ್ಧಿ ಹೇಳಿದ್ದ. ಹೊತ್ತುಕೊಂಡದ್ದು ಒಂದು ಚೀಲ ಬಟ್ಟೆ ಮತ್ತು ಹತಾರಗಳ ಡಬ್ಬಿ. ದಾರಿಯಲ್ಲಿ ಹೆಂಡತಿ ಕೇಳಿದಳು, "ಬೆಳಿಗ್ಗೆ ನಿಮ್ಮ ಕೈಲಿ ಏನು ಮಾಡಿಸಿದ್ರು ಅವರು?"

"ಎರಡು ಬಾಗಿಲು ತೆಗೆಸಿದ್ರು. ಎರಡೂ ಖಾಲಿ ಇದ್ವು."

ಅವಳಿಗೆ ಅಕ್ಷರ ಕಲಿಸಿದ್ದು ಆ ಮೇಷ್ಟ್ರೇ.

ಆರು ದಿನ ನಡೆದು, ಲಾರಿ ಹತ್ತಿ, ಗಡಿ ದಾಟಿ ಅವರು ಈ ನಗರಕ್ಕೆ ಬಂದರು. ಗಡಿಯಲ್ಲಿ ಒಂದು ಕಾಗದ ಕೊಟ್ಟರು. ತೊಂಬತ್ತು ದಿನ ಇಲ್ಲಿರಬಹುದು, ಅಷ್ಟರೊಳಗೆ ಒಂದು ಮನೆಯ ವಿಳಾಸ ತೋರಿಸಿದರೆ ಮುಂದುವರಿಸುತ್ತಾರೆ, ಇಲ್ಲದಿದ್ದರೆ ಬಂದ ದಾರಿ. ಉಳಿಯಲು ಹಳೆಯದೊಂದು ಗೋದಾಮು ಸಿಕ್ಕಿತು. ಹಗ್ಗದ ಮೇಲೆ ಕಂಬಳಿ ಇಳಿಬಿಟ್ಟು ನೂರಾರು ಸಂಸಾರಗಳಿಗೆ ಹಂಚಿದ್ದರು. ಅದು ವಿಳಾಸದ ಲೆಕ್ಕಕ್ಕೆ ಬರುವುದಿಲ್ಲ.

ಮನೆ ಹುಡುಕುವುದು ಶುರುವಾಯಿತು. 'ಬಾಡಿಗೆಗಿದೆ' ಎಂದು ಬರೆದ ಬಾಗಿಲು ತಟ್ಟಿದರೆ ಕದ ಅರ್ಧ ತೆರೆಯುತ್ತಿತ್ತು. ಇವನು ಬಾಯಿ ಬಿಟ್ಟ ಕೂಡಲೇ, ಮಾತಿನ ಎಳೆತ ಕೇಳಿದ ಕೂಡಲೇ, ಅದೇ ಕದ ಅಂಗೈ ಅಗಲಕ್ಕೆ ಬರುತ್ತಿತ್ತು. "ಈಗಷ್ಟೇ ಒಬ್ಬರಿಗೆ ಕೊಟ್ವಿ." "ಕಾಗದ ಇದೆಯಾ? ತೊಂಬತ್ತೇ ದಿನದ್ದಾ? ಪೂರ್ತಿ ಕಾಗದ ತಂದ್ಮೇಲೆ ಬನ್ನಿ."

"ಮದುವೆ ಆಗದೆ ಹುಚ್ಚು ಬಿಡಲ್ಲ, ಹುಚ್ಚು ಬಿಡದೆ ಮದುವೆ ಆಗಲ್ಲ," ಅಂದರು ಅತ್ತೆ, ಊದಿಕೊಂಡ ಕಾಲು ನೀವಿಕೊಳ್ಳುತ್ತ. "ಅಳಿಯಂದಿರೇ, ನಾಳೆಯಿಂದ ನೀವು ಮೂಗರಾಗಿಬಿಡಿ. ನಾನೂ ನನ್ನ ಮಗಳೂ ಮೂಗಿಯರು. ಮೂವರು ಮೂಗರಿಗೆ ಯಾರಾದ್ರೂ ಅಯ್ಯೋ ಅಂತ ಕೊಟ್ಟಾರು."

"ನೀವು ಮೂಗಿ ಆಗೋದಾ? ಒಂದು ಗಳಿಗೆ?" ಅಂದಳು ಮಗಳು. ಬಂದಮೇಲೆ ಮೊದಲ ಸಲ ಮೂವರೂ ನಕ್ಕದ್ದು ಆವತ್ತೇ.

ಕೆಲಸ ಮಾತ್ರ ಸಿಕ್ಕಿತು. ಮಾರುಕಟ್ಟೆಯ ಹಿಂದಿನ ಓಣಿಯಲ್ಲಿ ಹಸಿರು ಷಟರಿನ ಒಂದು ಬೀಗದಂಗಡಿ. ಗಂಡ ತೀರಿಕೊಂಡ ಮೇಲೆ ಅದನ್ನು ಒಬ್ಬಳೇ ನಡೆಸುತ್ತಿದ್ದ ಅಂಗಡಿಯಮ್ಮ ಇವನ ಕಾಗದ ಕೇಳಲಿಲ್ಲ, ಊರು ಕೇಳಲಿಲ್ಲ. ಕೀಲಿ ಕಳೆದುಹೋದ ಹಳೆಯ ಬೀಗವೊಂದನ್ನು ಮೇಜಿನ ಮೇಲೆ ತಳ್ಳಿದಳು. ಅವಳು ಕನ್ನಡಕ ಒರೆಸಿ ಮತ್ತೆ ಹಾಕಿಕೊಳ್ಳುವಷ್ಟರಲ್ಲಿ ಬೀಗ ಬಾಯಿ ತೆರೆದಿತ್ತು.

"ನಾಳೆ ಎಂಟಕ್ಕೆ ಬಾ," ಅಂದಳು. "ಒಂದೇ ಮಾತು. ಜನ ಇರೋ ಮನೆ ಬಾಗಿಲನ್ನ ಕೋರ್ಟಿನ ಆರ್ಡರ್ ಇಲ್ಲದೆ ತೆಗೆಯೋ ಹಾಗಿಲ್ಲ. ಇಲ್ಲಿ ಅದು ಜೈಲಿನ ಕೆಲಸ. ಯಾರು ಎಷ್ಟು ಗೋಗರೆದ್ರೂ ಸರಿಯೇ."

ಎಪ್ಪತ್ತೊಂಬತ್ತನೆಯ ದಿನ, ಅಂಗಡಿಯಮ್ಮ ಸರಕು ತರಲು ಹೋಗಿದ್ದ ಹೊತ್ತಿಗೆ, ಎದುರು ಬೀದಿಯ ದೊಡ್ಡ ಕಟ್ಟಡದ ಮ್ಯಾನೇಜರ್ ಅಂಗಡಿಗೆ ಬಂದ. ಬಂದವನು ಗಿರಾಕಿಯ ಹಾಗೆ ನಿಲ್ಲದೆ ಒಳಗೆ ಬಂದು ಸ್ಟೂಲಿನ ಮೇಲೆ ಕೂತ.

"ಮನೆ ಹುಡುಕ್ತಿದ್ದೀಯಂತೆ?"

"ಹೌದು ಸಾರ್. ಕಾಗದಕ್ಕೆ ಹನ್ನೊಂದೇ ದಿನ ಉಳಿದಿದೆ."

"ನನ್ನ ಹತ್ರ ಒಂದಿದೆ. ಮೂರನೇ ಮಹಡಿ. ಒಂದೇ ಕೋಣೆ, ಆದ್ರೆ ಕಿಟಕಿ ಇದೆ, ನೀರಿದೆ. ಅದರಲ್ಲಿದ್ದೋರು ಬೀಗ ಹಾಕ್ಕೊಂಡು ಎಲ್ಲೋ ಹೋಗಿಬಿಟ್ಟಿದ್ದಾರೆ. ನಾಳೆ ಮಧ್ಯಾಹ್ನ ಬಂದು ಬಾಗಿಲು ತೆಗೆ. ಸಂಜೆಗೆ ನಿನ್ನ ಸಂಸಾರ ತಂದು ಹಾಕು. ವಿಳಾಸದ ಪತ್ರ ನಾನೇ ಬರೆದುಕೊಡ್ತೀನಿ." ಎದ್ದು ಹೋಗುವಾಗ ತಿರುಗಿದ. "ಅಂಗಡಿಯಮ್ಮಂಗೆ ಹೇಳೋ ಅಗತ್ಯ ಇಲ್ಲ."

ಯಾಕೆ ಹೇಳಬಾರದು ಎಂದು ಬೀಗದವನು ಕೇಳಲಿಲ್ಲ. ಕೇಳಿದರೆ ಉತ್ತರ ಬಂದೀತೆಂಬ ಭಯ ಅವನಿಗೆ. ಹೆಂಡತಿಗೆ ಮನೆ ಸಿಕ್ಕಿತು ಎಂದಷ್ಟೇ ಹೇಳಿದ. ಅವಳು ಕಂಬಳಿ ಮಡಚುತ್ತಿದ್ದವಳು ಹಾಗೇ ಕೂತುಬಿಟ್ಟಳು. ಅತ್ತೆ ಆಗಲೇ ಕಿಟಕಿಗೆ ಯಾವ ಬಟ್ಟೆ ಕಟ್ಟುವುದೆಂದು ಚೀಲ ತಡಕತೊಡಗಿದ್ದರು.

ಮರುದಿನ ಮಧ್ಯಾಹ್ನ ಮ್ಯಾನೇಜರ್ ಕಟ್ಟಡದ ಬಾಗಿಲಲ್ಲೇ ಕಾದಿದ್ದ. ಜೊತೆಗೆ ಇಬ್ಬರು ದಾಂಡಿಗರು. ಖಾಲಿ ಮನೆಗೆ ಇವರು ಯಾಕೆ ಎಂದು ಮೊದಲ ಮಹಡಿಯಲ್ಲಿ ಅನ್ನಿಸಿತು. ಎರಡನೆಯ ಮಹಡಿಯಲ್ಲಿ ಅವನು ಆ ಯೋಚನೆಯನ್ನು ಹಿಂದಕ್ಕೆ ತಳ್ಳಿದ. ಮೂರನೆಯ ಮಹಡಿಯ ಕಾರಿಡಾರಿನ ನಡುವೆ ಒಂದು ಕಬ್ಬಿಣದ ಬಾಗಿಲು. ಮೊಣಕಾಲೂರಿ, ಡಬ್ಬಿ ಬಿಚ್ಚಿ, ಬೀಗದ ಬಾಯಿಗೆ ಕಣ್ಣಿಟ್ಟ. ಒಳಗಡೆ ಹಿಡಿ ಇರುವ ಬೀಗ. ಕೀಲಿ ಬೇಕಾದದ್ದು ಹೊರಗಿನವರಿಗೆ, ಒಳಗಿದ್ದವರು ಹಿಡಿ ತಿರುಗಿಸಿದರೆ ಸಾಕು. ಐದು ನಿಮಿಷದ ಕೆಲಸ.

ತಂತಿ ಹಾಕಿದ. ಬೀಗದೊಳಗಿನ ಮೊದಲ ಪಿನ್ ಎದ್ದಿತು. ಎರಡನೆಯದೂ ಎದ್ದಿತು. ಆಗ ಬಾಗಿಲಿನ ಆಚೆ, ಅವನ ಕಿವಿಯಿಂದ ಗೇಣು ದೂರದಲ್ಲಿ, ಒಂದು ಕೂಸು ಮುಲುಗಿತು. ಅದರ ಬಾಯಿಗೆ ಯಾರೋ ಕೈ ಅಡ್ಡ ಹಿಡಿದರು. "ಶ್... ನನ್ನ ಕಂದ, ಶ್..." ಉಸಿರಿನಷ್ಟೇ ಸಣ್ಣ ದನಿ. ಅವನ ಊರ ಕಡೆಯ ಎಳೆತ.

ಬೀಗದವನು ತಂತಿ ಹೊರಗೆಳೆದ.

"ಏನಾಯ್ತು?" ಅಂದ ಮ್ಯಾನೇಜರ್.

"ಸಾರ್, ಕೋರ್ಟಿನ ಆರ್ಡರ್ ಇದೆಯಾ?"

"ಏನಂದೆ?"

"ಒಳಗೆ ಜನ ಇದ್ರೆ..."

ಮ್ಯಾನೇಜರ್ ಬಗ್ಗಿ ಅವನ ಕಿವಿಯ ಹತ್ತಿರ ಬಾಯಿ ತಂದ. "ನಿನ್ನ ಕಾಗದಕ್ಕೆ ಹತ್ತು ದಿನ ಉಳಿದಿದೆ. ನನಗೇ ಆರ್ಡರ್ ಕೇಳ್ತೀಯಾ? ಸುಮ್ನೆ ತೆಗಿ."

ಅತ್ತ ದರಿ, ಇತ್ತ ಪುಲಿ. ಎದುರಿಗಿರುವುದು ಹೆಂಡತಿಗೆ ಮಾತು ಕೊಟ್ಟ ಮನೆ. ಅವನ ತಲೆ ಏನನ್ನೂ ತೀರ್ಮಾನಿಸುವ ಸ್ಥಿತಿಯಲ್ಲಿರಲಿಲ್ಲ. ಆದರೆ ಈ ಸಲ ಅವನು ಕೈಯನ್ನು ಅದರ ಪಾಡಿಗೆ ಬಿಡಲಿಲ್ಲ. ಡಬ್ಬಿಯಿಂದ ಹಲ್ಲು ಕೊರೆಯದ ಒಂದು ಕೀಲಿ ಆರಿಸಿ ಬೀಗದೊಳಕ್ಕೆ ತುರುಕಿ, ಇಕ್ಕಳದಿಂದ ಹಿಡಿದು ಇದ್ದ ಬಲವನ್ನೆಲ್ಲ ಹಾಕಿ ತಿರುಚಿದ. ಟಕ್ ಎಂದು ಅರ್ಧ ಕೀಲಿ ಕೈಗೆ ಬಂತು. ಇನ್ನರ್ಧ ಒಳಗೇ ಕಚ್ಚಿಕೊಂಡಿತು.

"ಮುರೀತು ಸಾರ್. ಇನ್ನು ಡ್ರಿಲ್ ಹಾಕ್ದೆ ಬರಲ್ಲ."

ಕೆನ್ನೆಗೆ ಬಿದ್ದ ಏಟಿಗೆ ಅವನ ತಲೆ ಬಾಗಿಲಿಗೆ ಬಡಿಯಿತು. ಮ್ಯಾನೇಜರ್ ಬೈಯುತ್ತ ದಾಂಡಿಗರನ್ನು ಪಕ್ಕದ ಕಾಮಗಾರಿಯಿಂದ ಡ್ರಿಲ್ ತರಲು ಓಡಿಸಿದ. "ಇಲ್ಲೇ ಬಿದ್ದಿರು. ಅಲ್ಲಾಡಿದ್ಯೋ, ಇವತ್ತೇ ಗಡಿ ದಾಟಿಸ್ತೀನಿ," ಎಂದು ತಾನೂ ಫೋನ್ ಹಿಡಿದು ಕೆಳಗಿಳಿದ.

ಬೀಗದವನು ಬಾಗಿಲಿಗೆ ಬಾಯಿ ಹಚ್ಚಿ ತನ್ನೂರಿನ ಮಾತಿನಲ್ಲಿ ಹೇಳಿದ, "ತಂಗೀ, ಅವರು ಡ್ರಿಲ್ ತರೋಕೆ ಹೋಗಿದ್ದಾರೆ. ಕಾರಿಡಾರಿನ ಕೊನೇಲಿ ಕಬ್ಬಿಣದ ಮೆಟ್ಟಿಲಿದೆ. ಕೀಲಿ ಮುರಿದಿರೋದು ಈ ಕಡೆ, ಒಳಗಿನ ಹಿಡಿ ತಿರುಗುತ್ತೆ, ತಿರುಗಿಸಿ ಹೊರಟುಬಿಡು."

ಒಳಗಿನಿಂದ ಒಂದು ಹೆಣ್ಣುದನಿ, "ನೀವು ಅವರ ಜೊತೆ ಬಂದೋರು."

"ಹೌದು. ಬಂದೋನು."

"ಹಾಗಾದ್ರೆ ಹೇಗೆ ನಂಬ್ಲಿ?"

"ನಂಬಬೇಡ. ಬಾಗಿಲಿನ ಕಿಂಡಿಯಿಂದ ನೋಡ್ತಿರು. ನಾನು ಈ ಕಡೆ ಮೆಟ್ಟಿಲ ತನಕ ಹೋಗಿ ಗೋಡೆಗೆ ಮುಖ ಹಾಕಿ ನಿಲ್ತೀನಿ. ಮಾರ್ಕೆಟ್ ಹಿಂದೆ ಹಸಿರು ಷಟರಿನ ಬೀಗದಂಗಡಿ ಇದೆ. ಅಲ್ಲಿರೋ ಅಮ್ಮಂಗೆ ಎಲ್ಲಾ ಹೇಳು."

ಹೋಗಿ ಗೋಡೆಗೆ ಹಣೆಯಿಟ್ಟು ನಿಂತ. ಕೆಳಗೆ ಮ್ಯಾನೇಜರನ ದನಿ ಏರುತ್ತಿತ್ತು, ಇಳಿಯುತ್ತಿತ್ತು. ನೂರರವರೆಗೆ ಎಣಿಸಿದ. ಅವಳು ಬರುವುದಿಲ್ಲ ಅಂದುಕೊಂಡ. ಆಗ ಬೆನ್ನ ಹಿಂದೆ ಹಿಡಿ ತಿರುಗಿದ ಸದ್ದಾಯಿತು, ಬರಿಗಾಲ ಓಟ, ಕಬ್ಬಿಣದ ಮೆಟ್ಟಿಲ ಮೇಲೆ ಸಣ್ಣ ಢಣಢಣ. ತಿರುಗಿ ನೋಡಿದಾಗ ಬಾಗಿಲು ಅರೆತೆರೆದಿತ್ತು. ಓಡಿ ಹೋಗಿ ಎಳೆದು ಮುಚ್ಚಿದ. ಬೀಗ ತಾನಾಗಿಯೇ ಹಾಕಿಕೊಂಡಿತು.

ದಾಂಡಿಗರು ಅರ್ಧ ಗಂಟೆ ಡ್ರಿಲ್ ಹಾಕಿದರು. ಕಿಡಿ ಹಾರಿ ಒಬ್ಬನ ಮೀಸೆ ಸುಟ್ಟಿತು. ಕಡೆಗೂ ಬಾಗಿಲು ತೆರೆದಾಗ ಒಳಗೆ ಇನ್ನೂ ಬಿಸಿಯಿದ್ದ ಹಾಲಿನ ಪಾತ್ರೆ, ಹಗ್ಗದ ಮೇಲೆ ಕೂಸಿನ ಒದ್ದೆ ಬಟ್ಟೆ. ಮನುಷ್ಯರಿಲ್ಲ. ಮ್ಯಾನೇಜರ್ ಒಂದು ಗಳಿಗೆ ಪಾತ್ರೆ ನೋಡಿದ, ಒಂದು ಗಳಿಗೆ ಬೀಗದವನನ್ನು ನೋಡಿದ. ಅವನಿಗೆ ಅರ್ಥವಾಯಿತು. ಬೀಗದವನ ಬಲಗೈಯನ್ನು ಚೌಕಟ್ಟಿಗೆ ಒತ್ತಿ ಹಿಡಿಯಲು ಇಬ್ಬರು ಸಾಕಾದರು. ಕಬ್ಬಿಣದ ಕದವನ್ನು ಎಳೆದು ಬಡಿದವನು ಮ್ಯಾನೇಜರೇ.

ಅಷ್ಟು ಹೊತ್ತಿಗೆ ಮೆಟ್ಟಿಲ ಬಾಯಲ್ಲಿ ಅಂಗಡಿಯಮ್ಮ ಕಾಣಿಸಿಕೊಂಡಳು. ಏದುಸಿರು ಬಿಡುತ್ತಿದ್ದಳು. ಹಿಂದೆ ಇಬ್ಬರು ಪೊಲೀಸರು.

"ಆರ್ಡರ್ ತೋರಿಸಪ್ಪಾ," ಅಂದಳು ಮ್ಯಾನೇಜರಿಗೆ. "ಇಲ್ವಾ? ಹಾಗಾದ್ರೆ ಇವರಿಗೇ ಹೇಳು, ಆ ಕೈ ಹೇಗೆ ಮುರೀತು ಅಂತ."

ಮೂರು ಬೆರಳು ಮುರಿದಿದ್ದವು. ಆಸ್ಪತ್ರೆಯ ಕಾರಿಡಾರಿನ ಬೆಂಚಿನ ಮೇಲೆ ಹೆಂಡತಿ ಅವನ ಪಕ್ಕ ಕೂತು ಅಳುತ್ತಿದ್ದಳು. "ಆಗಲ್ಲ ಅಂತ ಹೇಳಿ ಬಂದುಬಿಡಬಾರದಾಗಿತ್ತಾ? ಕೀಲಿ ಯಾಕ್ರೀ ಮುರಿಯೋಕೆ ಹೋದ್ರಿ?"

ಸುಳ್ಳು ಹೇಳಲು ಅವನಲ್ಲಿ ಶಕ್ತಿ ಉಳಿದಿರಲಿಲ್ಲ. "ಆವತ್ತು ಎರಡಲ್ಲ ಕಣೇ, ಮೂರು ಬಾಗಿಲು ತೆಗೆದೆ. ಮೂರನೇದು ಮೇಷ್ಟ್ರದ್ದು. ಒಳಗಿದ್ದಾರೆ ಅಂತ ಗೊತ್ತಾಗಿತ್ತು ನನಗೆ."

ಅವಳ ಅಳು ನಿಂತಿತು. ಎದ್ದು ಕಿಟಕಿಯ ಹತ್ತಿರ ಹೋಗಿ ನಿಂತಳು. ನರ್ಸ್ ಬಂದು ಹೆಸರು ಕೂಗಿ ಹೋದರೂ ತಿರುಗಲಿಲ್ಲ. ಕಡೆಗೆ ಅಂದಳು, "ಅದಕ್ಕೂ ಇದಕ್ಕೂ ಸರಿಹೋಯ್ತು ಅಂದ್ಕೋಬೇಡಿ."

"ಅಂದ್ಕೊಂಡಿಲ್ಲ."

ಅಂಗಡಿಯ ಮೇಲೊಂದು ಅಟ್ಟ ಇತ್ತು. ಬೀಗದ ಪೆಟ್ಟಿಗೆಗಳನ್ನು ಒಂದು ಮೂಲೆಗೆ ಸರಿಸಿ ಅಂಗಡಿಯಮ್ಮ ಅದನ್ನು ಬಿಟ್ಟುಕೊಟ್ಟಳು. "ನೆಟ್ಟಗೆ ನಿಂತ್ರೆ ತೊಲೆ ತಾಗುತ್ತೆ, ಮೊದಲೇ ಹೇಳಿದೀನಿ."

"ಇಷ್ಟು ದಿನ ಕಂಡಕಂಡವರ ಮುಂದೆ ಬಗ್ಗಿ ರೂಢಿಯಾಗಿದೆ ತಾಯಿ," ಅಂದರು ಅತ್ತೆ. "ತೊಲೆ ಮುಂದೆ ಬಗ್ಗೋದು ಯಾವ ಮಹಾ!" ಬಾಗಿಲು ಒಡೆದ ಆ ಕೋಣೆಗೆ ಹಿಂದಿರುಗಲು ಹೆದರಿದ ಕೂಸಿನ ತಾಯಿಯೂ ಅಲ್ಲಿಗೇ ಬಂದಳು. ಅವಳನ್ನು ಹೊರಗೆ ಬಿಡಲು ಅತ್ತೆ ಒಪ್ಪಲೇ ಇಲ್ಲ.

ಬೀಗದವನ ಕೈಗೆ ಕಟ್ಟು. ಕೆಲಸ ನಿಲ್ಲುವ ಹಾಗಿಲ್ಲ. ಮೂರನೆಯ ದಿನ ಹೆಂಡತಿ ಕೆಳಗಿಳಿದು ಬಂದು ಅವನ ಸ್ಟೂಲಿನ ಮೇಲೆ ಕೂತಳು. "ಹೇಳಿಕೊಡಿ." ಅವನು ಹೇಳಿದ, ಅವಳು ಅರ ಹಿಡಿದು ಉಜ್ಜಿದಳು. ಕೀಲಿ, ಹಲ್ಲು, ತಿರುಪು. ಇವಿಷ್ಟು ಬಿಟ್ಟು ಬೇರೆ ಮಾತನ್ನು ಅವಳು ಅವನೊಂದಿಗೆ ಆಡುತ್ತಿರಲಿಲ್ಲ.

ಎಂಬತ್ತೆಂಟನೆಯ ದಿನ ವಿಳಾಸ ಪರೀಕ್ಷಿಸಲು ಕಚೇರಿಯ ಗುಮಾಸ್ತ ಬಂದ. ಅಟ್ಟ ಹತ್ತಿದ, ತಲೆ ತಾಗಿಸಿಕೊಂಡ, ಕೆಳಗಿಳಿದ.

"ಅಷ್ಟರಲ್ಲಿ ಐದು ಜನನಾ?"

"ನಾಲ್ಕೂವರೆ," ಅಂದರು ಅತ್ತೆ, ಕೂಸನ್ನು ಸೊಂಟಕ್ಕೇರಿಸಿಕೊಂಡು.

ಗುಮಾಸ್ತ ನಗಲಿಲ್ಲ. ಬೀಗದವನ ಕಟ್ಟು ನೋಡಿದ. "ವೃತ್ತಿ ಬೀಗ ರಿಪೇರಿ ಅಂತ ಬರೆದಿದ್ದೀರಿ. ಈ ಕೈಯಲ್ಲಾ? ಕೆಲಸ ಇಲ್ಲದೋರಿಗೆ ಮುಂದುವರಿಸೋಕೆ ಬರಲ್ಲ."

ಅಂಗಡಿಯಮ್ಮ ಬಾಯಿ ತೆರೆಯುವ ಮೊದಲೇ ಹೆಂಡತಿ ಅಂದಳು, "ವಿದ್ಯೆ ಅವರದು, ಕೈ ನಂದು. ಕೂತ್ಕೊಳ್ಳಿ ಸಾರ್." ಗೋಡೆಯ ಮೊಳೆಗೆ ನೇತುಹಾಕಿದ್ದ ಕೀಲಿಯಿಲ್ಲದ ಬೀಗವೊಂದನ್ನು ತೆಗೆದು ಎದುರಿಗಿಟ್ಟುಕೊಂಡಳು. ಬೋಳು ಕೀಲಿಯೊಂದನ್ನು ಅದರಲ್ಲಿ ಒತ್ತಿ, ಹೊರತೆಗೆದು, ಬಿದ್ದ ಗುರುತು ನೋಡಿ ಉಜ್ಜಿದಳು. ಮತ್ತೆ ಒತ್ತಿದಳು. ಗುಮಾಸ್ತ ಗಡಿಯಾರ ನೋಡಿಕೊಂಡ. ಮೊದಲ ಸಲ ಕೀಲಿ ತಿರುಗಲಿಲ್ಲ. ಅವಳು ಅದನ್ನು ಹೊರತೆಗೆದು ಬೆಳಕಿಗೆ ಹಿಡಿದಳು.

"ನಾಲ್ಕನೇ ಹಲ್ಲು," ಅಂದ ಬೀಗದವನು ಮೆಲ್ಲಗೆ. "ಎರಡೇ ಸಲ. ಹಗುರಕ್ಕೆ."

ಎರಡು ಸಲ ಉಜ್ಜಿದಳು. ಬೀಗ ತೆರೆಯಿತು.

ಗುಮಾಸ್ತ ಆ ಬೀಗವನ್ನು ಕೈಯಲ್ಲಿ ಹಿಡಿದು ತಿರುಗಿಸಿ ನೋಡಿದ. ಆಮೇಲೆ ಚೀಲದಿಂದ ಮುದ್ರೆ ತೆಗೆದು ಊದಿ, ಐವರ ಕಾಗದಕ್ಕೂ ಒತ್ತಿದ. ಒಂದು ವರ್ಷ.

ಅವನು ಹೋದ ಮೇಲೆ ಯಾರೂ ಕೂಗಾಡಲಿಲ್ಲ. ಅತ್ತೆ ಕಾಗದಗಳನ್ನು ತಮ್ಮ ಸೆರಗಿನಲ್ಲಿ ಕಟ್ಟಿಕೊಂಡು ಅಟ್ಟ ಹತ್ತಿದರು. ಹೆಂಡತಿ ಮೇಜಿನ ಮೇಲಿನ ಹಿತ್ತಾಳೆಯ ಪುಡಿಯನ್ನು ಗುಡಿಸಿ ಅಂಗೈಯಲ್ಲಿ ಎತ್ತಿದಳು, ಬಾಗಿಲಾಚೆ ಚೆಲ್ಲಿ ಬಂದಳು. ಬೀಗದವನು ಕೂತಲ್ಲೇ ಕೂತಿದ್ದ. ಅವಳು ಏಣಿಯ ಎರಡು ಮೆಟ್ಟಿಲು ಹತ್ತಿ ನಿಂತಳು, ತಿರುಗಿ ನೋಡಲಿಲ್ಲ.

"ಊಟ ಆರಿಹೋಗ್ತಿದೆ," ಅಂದಳು. "ಮೇಲೆ ಬನ್ನಿ."