ಪಕ್ಕಕ್ಕೆ ನೋಡುವ ಫೋಟೊ

"ಇದೂ ಬೇಡ. ಇದರಲ್ಲೂ ಬೇರೆ ಯಾರನ್ನೋ ನೋಡ್ತಿದಾರೆ," ಎಂದು ಮಗಳು ಇನ್ನೊಂದು ಫೋಟೊವನ್ನು ಮಂಚದ ಮೇಲೆ ಎಸೆದಳು.

ಮಂಚದ ತುಂಬ ಅಪ್ಪನೇ. ಪೊಲೀಸ್ ಟೋಪಿಯ ಅಪ್ಪ, ಕೊರಳಿಗೆ ಸ್ಟೆತಾಸ್ಕೋಪು ಹಾಕಿಕೊಂಡ ಅಪ್ಪ, ಕರಿಕೋಟಿನ ಅಪ್ಪ, ಟೀವಿ ಧಾರಾವಾಹಿಯಲ್ಲಿ ನರೆತ ಮೀಸೆಯ ತಾತನಾದ ಅಪ್ಪ. ಎಲ್ಲದರಲ್ಲೂ ಮುಖ ಪಕ್ಕಕ್ಕೆ, ಹೀರೋನೋ ಹೀರೋಯಿನ್ನೋ ನಿಂತ ಕಡೆಗೆ. ಜೀವಮಾನವನ್ನೆಲ್ಲ ಕ್ಯಾಮೆರಾದ ಮುಂದೆ ಕಳೆದ ಮನುಷ್ಯನದ್ದು ನೆಟ್ಟಗೆ ನೋಡುವ ಒಂದು ಫೋಟೊ ಮನೆಯಲ್ಲಿಲ್ಲವೆಂದರೆ ಯಾರು ನಂಬಬೇಕು? ಅತ್ತ ಸಭಾಂಗಣದಲ್ಲಿ ಅಪ್ಪನ ದೇಹವನ್ನು ದರ್ಶನಕ್ಕೆ ಮಲಗಿಸಿ ಆಗಿತ್ತು, ಜನ ಸೇರತೊಡಗಿದ್ದರು.

"ಸಿಗಲ್ಲಮ್ಮ," ಎಂದರು ಮೇಕಪ್ಪಿನವರು. ಮೊದಲ ಚಿತ್ರದಿಂದ ಅಪ್ಪನ ಮುಖಕ್ಕೆ ಬಣ್ಣ ಹಚ್ಚಿದವರು ಅವರೇ. "ನಿಮ್ಮಪ್ಪ ಒಬ್ಬರೇ ಇರೋ ಶಾಟ್ ಯಾವ ಡೈರೆಕ್ಟರೂ ಇಡಲಿಲ್ಲ. ಇದನ್ನೇ ತಗೊಂಡು ಹೋಗೋಣ. ಕಣ್ಣು ಚೆನ್ನಾಗಿ ಬಂದಿದೆ."

"ಅವರಿಗೆ ಯಾವಾಗ್ಲೂ ಬೇರೆಯವರದ್ದೇ ಧ್ಯಾನ, ಮಾಮ."

ಮೇಕಪ್ಪಿನವರು ಫೋಟೊದ ಗಾಜಿನ ಧೂಳು ಒರೆಸಿದರು. ಅಮ್ಮ ಬಾಗಿಲಲ್ಲಿ ಬಂದು ನಿಂತು, "ಅಲ್ಲಿ ಎರಡು ಮಾತು ನೀನೇ ಆಡ್ಬೇಕು. ನನ್ನ ಕೈಲಿ ಆಗಲ್ಲ," ಎಂದರು. ಮಗಳು ಮಂಚದ ಮೇಲಿನ ಫೋಟೊಗಳನ್ನು ಒಟ್ಟುಮಾಡತೊಡಗಿದಳು. ಅಪ್ಪನ ಬಗ್ಗೆ ಅವಳಿಗೆ ಹೇಳಬೇಕೆನಿಸುತ್ತಿದ್ದದ್ದು ಒಂದೇ ಸಂಗತಿ. ಅದು ಸತ್ತವರ ಎದುರು ಹೇಳುವಂಥದ್ದಾಗಿರಲಿಲ್ಲ.

*

ಆಗ ಅವಳು ಶಾಲೆಯ ನಾಟಕದಲ್ಲಿ ರಾಣಿ. "ಮಧ್ಯಾಹ್ನಕ್ಕೇ ನನ್ನ ಶಾಟ್ ಮುಗಿಯುತ್ತೆ. ಮೊದಲ ಸಾಲಲ್ಲಿ ಕೂತಿರ್ತೀನಿ," ಎಂದು ಅಪ್ಪ ಮಾತು ಕೊಟ್ಟಿದ್ದರು. ಮೊದಲ ಸಾಲಿನ ಆ ಕುರ್ಚಿ ಖಾಲಿಯೇ ಉಳಿಯಿತು. ಅದನ್ನು ನೋಡುತ್ತ ನೋಡುತ್ತ ರಾಣಿ ಮಾತು ಮರೆತು ಪರದೆಯ ಹಿಂದೆ ಓಡಿಬಿಟ್ಟಳು. ಅಪ್ಪ ಬಂದಾಗ ಶಾಲೆಯವರು ಕುರ್ಚಿ ಮಡಚುತ್ತಿದ್ದರು. ಅವರ ಹಣೆಯ ಮೇಲೆ ಬಣ್ಣದ ಗಾಯ ಹಾಗೇ ಇತ್ತು.

"ಶಾಟ್ ಮುಗೀಲಿಲ್ವಾ?"

"ಮುಗೀತು. ಆಮೇಲೆ ಸ್ವಲ್ಪ ನಿಂತಿದ್ದೆ."

"ಯಾಕೆ?"

"ಸುಮ್ನೆ."

ಒಂದು ಸುಳ್ಳನ್ನಾದರೂ ಹೇಳಬಾರದಿತ್ತೇ ಎನ್ನಿಸಿತ್ತು ಅವಳಿಗೆ. ಇನ್ನೊಂದು ಪಾತ್ರ ಗಿಟ್ಟಲಿ ಎಂದು ನಿನ್ನಪ್ಪ ದೊಡ್ಡವರ ಹಿಂದೆ ಕೈಕಟ್ಟಿ ನಿಂತಿರುತ್ತಾನೆ ಎಂದು ದೊಡ್ಡಪ್ಪ ನಕ್ಕಿದ್ದರು. ಅದನ್ನೇ ಅವಳು ನಂಬಿದಳು. ಅಪ್ಪ ಎಷ್ಟು ತಡವಾಗಿ ಬಂದರೂ ಅವಳ ದಿನದ ಕತೆಯನ್ನೆಲ್ಲ ಕೇಳದೆ ತಟ್ಟೆಗೆ ಕೈ ಹಾಕುತ್ತಿರಲಿಲ್ಲ. ಅದನ್ನು ಮಾತ್ರ ಅವಳು ಲೆಕ್ಕಕ್ಕೇ ಹಿಡಿಯಲಿಲ್ಲ.

*

ಸಭಾಂಗಣದ ವೇದಿಕೆಯ ಮೇಲೆ ಮೈಕು, ಅದರ ಬಲಕ್ಕೆ ಫೋಟೊ ಇಟ್ಟಿದ್ದರು. ಫೋಟೊದ ಅಪ್ಪ ಮೈಕಿನ ಕಡೆ ಬಿಟ್ಟು ಪಕ್ಕದ ಬಾಗಿಲನ್ನು ನೋಡುತ್ತಿದ್ದರು. ಹಿಂದಿನ ಸಾಲಿನಲ್ಲಿ ಲೈಟಿನವನು, "ರಸ್ತೇಲಿ ಜನ ಇವರನ್ನ ಹಿಡಿದು ನಿಲ್ಲಿಸೋರು. ನಿಮ್ಮನ್ನ ಎಲ್ಲೋ ನೋಡಿದೀನಿ, ಬ್ಯಾಂಕಲ್ಲಿ ಇದೀರಾ ಅಂತ," ಎನ್ನುತ್ತಿದ್ದ.

"'ಹೌದು, ನಿಮ್ಮ ಸಹಿ ತಾಳೆ ಆಗಿರಲಿಲ್ಲ' ಅಂದುಬಿಡೋರು ಪುಣ್ಯಾತ್ಮ," ಎಂದರು ಮೇಕಪ್ಪಿನವರು. ಇಬ್ಬರೂ ನಕ್ಕು, ನಕ್ಕದ್ದಕ್ಕೆ ಸಂಕೋಚಪಟ್ಟು ಕಣ್ಣೊರೆಸಿಕೊಂಡರು.

ಒಂದು ಕಾಲದ ದೊಡ್ಡ ನಾಯಕಿ ನಟಿ ಈಗ ಕೋಲೂರಿಕೊಂಡು ಬಂದು ಮಗಳ ಪಕ್ಕ ಕೂತರು.

"ನಮ್ಮ ಮುಖದ ಕ್ಲೋಸಪ್ ತೆಗೆಯುವಾಗ ಎದುರಿಗಿರೋರು ತೆರೆ ಮೇಲೆ ಕಾಣಲ್ಲಮ್ಮ. ಅದಕ್ಕೇ ಎಲ್ಲರೂ ತಮ್ಮ ಶಾಟ್ ಮುಗಿಸಿ ಮನೆಗೆ ಹೊರಟುಬಿಡೋರು. ನಾವು ಲೈಟಿನ ಕಂಬ ನೋಡ್ಕೊಂಡು ಅಳ್ಬೇಕು. ನಿಮ್ಮಪ್ಪ ಒಬ್ಬರು ಹೋಗ್ತಿರಲಿಲ್ಲ. ಕ್ಯಾಮೆರಾ ಪಕ್ಕದಲ್ಲಿ ನಿಂತು ನನ್ನ ಮಾತು ಕೇಳೋರು. ಎಷ್ಟನೇ ಟೇಕ್ ಆದ್ರೂ ಮೊದಲ ಸಲ ಕೇಳ್ತಿರೋ ಹಾಗೆ. ನನಗೆ ಹೆಸರು ತಂದ ಅಳು ಇದೆಯಲ್ಲ, ಅದೆಲ್ಲ ಆ ಮುಖ ನೋಡಿ ಅತ್ತಿದ್ದು."

ಮಗಳು ವೇದಿಕೆಯ ಮೇಲಿನ ಫೋಟೊದ ಕಡೆ ನೋಡಿದಳು. ಆಮೇಲೆ, "ಇದನ್ನ ನಮಗ್ಯಾಕೆ ಹೇಳಲಿಲ್ಲ?" ಎಂದಳು.

"ನಾನೂ ಕೇಳಿದ್ದೆ, ಯಾಕೆ ನಿಲ್ತೀರಿ ಅಂತ. ಸುಮ್ನೆ ಅಂದ್ರು."

"ನನ್ನ ನಾಟಕಕ್ಕೆ ಮಾತ್ರ ಬರಲಿಲ್ಲ."

ನಟಿ ಅವಳ ಕೈಯನ್ನು ತಮ್ಮ ಕೈಯಲ್ಲಿ ತೆಗೆದುಕೊಂಡು ಕೂತರು.

ಅಷ್ಟರಲ್ಲಿ ಮಾತಾಡಲು ಮಗಳನ್ನು ವೇದಿಕೆಗೆ ಕರೆದರು. ಅವಳು ಮೈಕಿನ ಮುಂದೆ ನಿಂತಳು. ಮೊದಲ ಸಾಲು ಈ ಸಲ ಭರ್ತಿಯಾಗಿತ್ತು. "ನಮ್ಮಪ್ಪ..." ಎಂದಳು. ಅಂದಿನಂತೆಯೇ ಮುಂದಿನ ಮಾತು ಹೊರಡಲಿಲ್ಲ. ಯಾರೋ ಕೆಮ್ಮಿದರು. ಅಮ್ಮ ತಲೆ ತಗ್ಗಿಸಿದರು. ಮಗಳ ಕಾಲು ಆಗಲೇ ಹಿಂದಕ್ಕೆ ಸರಿದಿತ್ತು.

ನಟಿ ಕೋಲೂರಿ ವೇದಿಕೆ ಹತ್ತಿದರು. ಮೇಕಪ್ಪಿನವರಿಗೆ ಸನ್ನೆ ಮಾಡಿದರು. ಅವರು ಬಂದು ಫೋಟೊವನ್ನು ಸ್ಟ್ಯಾಂಡ್ ಸಮೇತ ಎತ್ತಿ, ಮೈಕಿನ ಎಡಕ್ಕೆ ತಂದಿಟ್ಟರು. ತುಸು ಹಿಂದೆ ನಿಂತು ಕಣ್ಣಳತೆ ನೋಡಿ ಇನ್ನೊಂಚೂರು ಸರಿಸಿದರು. ಆಮೇಲೆ ಇಬ್ಬರೂ ಕೆಳಗಿಳಿದು ಹೋದರು.

ಮಗಳು ಪಕ್ಕಕ್ಕೆ ತಿರುಗಿದಳು.

"ನಮ್ಮಪ್ಪ," ಎಂದು ಫೋಟೊದ ಕಡೆಗೇ ನೋಡುತ್ತ ಶುರುಮಾಡಿದಳು, "ನನ್ನ ಶಾಲೆ ನಾಟಕದ ದಿನ ತಡವಾಗಿ ಬಂದ್ರು."

ತಲೆಯನ್ನು ತುಸು ವಾಲಿಸಿಕೊಂಡು, ಮೊದಲ ಸಲ ಕೇಳುತ್ತಿರುವವರ ಹಾಗೆ, ಅಪ್ಪ ಅವಳನ್ನೇ ನೋಡುತ್ತಿದ್ದರು.